ಒಂದು ಎಚ್‌ಪಿ ಮನೆ ಗಿರಣಿ ರಾಗಿಗೆ ಆಗುತ್ತಾ? ಕೊಳ್ಳುವ ಮೊದಲು ಓದಿ

ತುಮಕೂರು, ಕೋಲಾರ, ಚಿಕ್ಕಬಳ್ಳಾಪುರದ ಮಿಕ್ಸಿ-ಗ್ರೈಂಡರ್ ಅಂಗಡಿಗಳಲ್ಲಿ ಸಣ್ಣ ಬೀರುವಿನಂತೆ ನಿಂತಿರುವ, ಕೆಳಗೆ ಚಕ್ರವಿರುವ ಮನೆ ಗಿರಣಿಯನ್ನು ನೀವು ನೋಡಿರುತ್ತೀರಿ. ಅದರ ಜೊತೆ ಕೊಡುವ ಪುಸ್ತಕದಲ್ಲಿ ಇರುವುದು ಹೆಚ್ಚಾಗಿ ಗೋಧಿಯ ಲೆಕ್ಕ. ಗಂಟೆಗೆ 7-8 ಕೆಜಿ ಗೋಧಿ, ಚಪಾತಿ ಹಿಟ್ಟಿಗೆ ಈ ಜಾಲರಿ, ರವೆಗೆ ಆ ಜಾಲರಿ. ನಮ್ಮ ಕಡೆಯವರು ಕೇಳುವ ಮೊದಲ ಪ್ರಶ್ನೆಯೇ ಬೇರೆ: ರಾಗಿ ನುಣ್ಣಗೆ ಬರುತ್ತಾ, ಆ ಹಿಟ್ಟಿನಲ್ಲಿ ಮುದ್ದೆ ಗಂಟಿಲ್ಲದೆ ಕೂಡುತ್ತಾ? ಹಾಗಾಗಿ ಈ ವಿಮರ್ಶೆಯನ್ನು ದಿನಕ್ಕೊಮ್ಮೆಯಾದರೂ ಮುದ್ದೆ ಮಾಡುವ ಮನೆಗಳನ್ನು ಮನಸ್ಸಿನಲ್ಲಿಟ್ಟು ಬರೆದಿದೆ. ಇಲ್ಲಿ ಹೇಳುತ್ತಿರುವುದು ಕಲ್ಲಿಲ್ಲದ, ಸ್ಟೀಲ್ ಬ್ಲೇಡಿನ, ಸಿಂಗಲ್ ಫೇಸಿನ 1 ಎಚ್‌ಪಿ ಗಿರಣಿಯ ಬಗ್ಗೆ. ಬಾಗಿಲಿನ ಬಣ್ಣ, ಗುಂಡಿಗಳು ಕಂಪನಿಗೊಂದು ಥರ ಇರುತ್ತವೆ, ಒಳಗಿನ ಕೆಲಸ ಬಹುತೇಕ ಒಂದೇ. ಆದ್ದರಿಂದ ಯಾವ ಕಂಪನಿಯ ಹೆಸರನ್ನೂ ಎತ್ತಿಲ್ಲ.

ಆತುರದಲ್ಲಿರುವವರಿಗೆ ಮೊದಲೇ ಹೇಳಿಬಿಡುವುದಾದರೆ, ರಾಗಿಗೆ ಆಗುತ್ತದೆ, ಹಿಟ್ಟು ಚೆನ್ನಾಗಿಯೇ ಬರುತ್ತದೆ. ದುಡ್ಡು ಉಳಿಯುವುದಿಲ್ಲ. ಹೆಂಗಸರ ಕೆಲಸ ಕಡಿಮೆಯಾಗುವುದು, ಆಗದಿರುವುದು ಮನೆಯಲ್ಲಿ ರಾಗಿ ಕೇರುವವರು ಯಾರು, ಗಿರಣಿ ಒರೆಸುವವರು ಯಾರು ಎಂಬುದರ ಮೇಲೆ ನಿಂತಿದೆ. ಈ ಕೊನೆಯ ಮಾತನ್ನು ಅಂಗಡಿಯಲ್ಲಿ ಯಾರೂ ಹೇಳುವುದಿಲ್ಲ, ಅದಕ್ಕೇ ಕೆಳಗೆ ಅದರ ಬಗ್ಗೆ ಸ್ವಲ್ಪ ಉದ್ದಕ್ಕೇ ಬರೆದಿದೆ.

ಮೊದಲು ಗಿರಣಿಯ ಹೊಟ್ಟೆಯೊಳಗೆ ಏನಿದೆ ನೋಡೋಣ. ಮೇಲೆ ಧಾನ್ಯ ಸುರಿಯುವ ಬಾಯಿ, ಅದರ ಕೆಳಗೆ ಧಾನ್ಯ ಎಷ್ಟು ಇಳಿಯಬೇಕೆಂದು ಹಿಡಿತ ಮಾಡುವ ಒಂದು ತಿರುಪು. ಅಲ್ಲಿಂದ ಕಾಳು ಬೀಳುವುದು ಒಂದು ದುಂಡನೆಯ ಕೋಣೆಗೆ. ಅದರೊಳಗೆ ಸ್ಟೀಲ್ ಬ್ಲೇಡುಗಳು ನಿಮಿಷಕ್ಕೆ 2800ರ ಆಸುಪಾಸು ಸುತ್ತು ತಿರುಗಿ ಕಾಳನ್ನು ಹೊಡೆದು ಪುಡಿ ಮಾಡುತ್ತವೆ. ಕೋಣೆಯ ಸುತ್ತ ತೂತುಗಳ ಸ್ಟೀಲ್ ಜಾಲರಿ. ಪುಡಿ ಆ ತೂತಿಗಿಂತ ಸಣ್ಣದಾದ ಮೇಲೆಯೇ ಹೊರಗೆ ಬಂದು ಕೆಳಗಿನ ಡಬ್ಬಿಗೆ ಬೀಳುತ್ತದೆ. ಬ್ಲೇಡು ತಿರುಗುವಾಗ ಗಾಳಿಯೂ ಜೊತೆಗೆ ನುಗ್ಗುತ್ತದಲ್ಲ, ಆ ಗಾಳಿ ಹಿಟ್ಟನ್ನು ಬಿಟ್ಟು ತಾನೊಂದೇ ಹೊರಗೆ ಹೋಗಲೆಂದು ಒಂದು ಬಟ್ಟೆಯ ಫಿಲ್ಟರ್ ಇಟ್ಟಿರುತ್ತಾರೆ. ಬಾಗಿಲು ತೆಗೆದರೆ ಮೋಟಾರು ನಿಲ್ಲುವ ಸ್ವಿಚ್ಚು, ಭಾರ ಹೆಚ್ಚಾದರೆ ತಾನೇ ಆಫ್ ಆಗುವ ಸ್ವಿಚ್ಚು ಇರಲೇಬೇಕು. ಇವೆರಡು ಇಲ್ಲದ ಮಾಡೆಲ್ಲನ್ನು ಎಷ್ಟೇ ಕಡಿಮೆ ಬೆಲೆಗೆ ಕೊಟ್ಟರೂ ತರಬೇಡಿ.

ಊರ ಮಿಲ್ಲಿನಲ್ಲಿ ಕಾಳು ಎರಡು ಕಲ್ಲುಗಳ ನಡುವೆ ಉಜ್ಜಿ ಪುಡಿಯಾಗುತ್ತದೆ, ಇಲ್ಲಿ ಬಡಿತಕ್ಕೆ ಪುಡಿಯಾಗುತ್ತದೆ. ಮನೆ ಗಿರಣಿಯಲ್ಲಿ ಹಿಟ್ಟಿನ ನುಣುಪನ್ನು ತೀರ್ಮಾನಿಸುವುದು ಜಾಲರಿ. ಕಲ್ಲನ್ನು ಬಿಗಿ ಮಾಡು, ಸಡಿಲ ಮಾಡು ಎಂದು ಮಿಲ್ಲಿನವರಿಗೆ ಹೇಳಿದಂತೆ ಇಲ್ಲಿ ಹೇಳಲಾಗದು. ರಾಗಿ ಕಾಳೇ ಒಂದೂವರೆ ಮಿಲಿಮೀಟರಿನಷ್ಟು ಸಣ್ಣದು. ದಪ್ಪ ತೂತಿನ ಜಾಲರಿ ಹಾಕಿದರೆ ಅರೆಬರೆ ಒಡೆದ ಕಾಳು ಹಾಗೇ ಜಾರಿಬಿಡುತ್ತದೆ. ರಾಗಿಗೆ ಇರುವುದರಲ್ಲಿ ಅತಿ ಸಣ್ಣ ತೂತಿನ ಜಾಲರಿಯೇ ಆಗಬೇಕು. ಜಾಲರಿಗೆ ಕೊಟ್ಟಿರುವ ನಂಬರನ್ನು ನಂಬಬೇಡಿ, ಒಂದು ಕಂಪನಿಯ ಸೊನ್ನೆ ನಂಬರು ಇನ್ನೊಂದರ ಒಂದನೇ ನಂಬರಾಗಿರಬಹುದು. ಬೆಳಕಿಗೆ ಹಿಡಿದು ಕಣ್ಣಲ್ಲೇ ನೋಡಿ ಆರಿಸಿ. ಸಣ್ಣ ಜಾಲರಿ ಹಾಕಿದ ಮೇಲೆ ವೇಗ ಇಳಿಯುತ್ತದೆ. ಪುಸ್ತಕದ 7-8 ಕೆಜಿ ಮರೆತು ಗಂಟೆಗೆ 4ರಿಂದ 5 ಕೆಜಿ ರಾಗಿ ಎಂದು ಲೆಕ್ಕ ಇಟ್ಟುಕೊಳ್ಳಿ.

ಈ ಗಿರಣಿಗಳು ನಮ್ಮ ಕಡೆ ಕೆಡುವುದು ಹೆಚ್ಚಾಗಿ ರಾಗಿಯಿಂದಲ್ಲ, ರಾಗಿಯ ಜೊತೆ ಬರುವ ಕಲ್ಲಿನಿಂದ. ಕಣ ಮಾಡುವ ಕಾಲ ಹೋಗಿ ತೆನೆಯನ್ನು ಟಾರು ರಸ್ತೆಗೆ ಹರಡಿ ಓಡಾಡುವ ಗಾಡಿಗಳಿಂದಲೇ ತುಳಿಸುವುದು ಶಿರಾ, ಮಧುಗಿರಿ, ಚಿಂತಾಮಣಿ, ಮುಳಬಾಗಿಲು ಕಡೆಯೆಲ್ಲ ನಡೆದಿದೆ. ಜಲ್ಲಿಯ ಚೂರು, ಮರಳು, ಟಾರಿನ ಉಂಡೆ ಎಲ್ಲವೂ ರಾಗಿಗೆ ಸೇರುತ್ತವೆ. ಯಂತ್ರದಲ್ಲಿ ಕೊಯ್ದ ರಾಗಿಯಾದರೆ ಮಣ್ಣಿನ ಹೆಂಟೆ ಇರುತ್ತದೆ. ಬೀಸುವ ಕಲ್ಲಿಗೆ ಒಂದು ಹರಳು ಸಿಕ್ಕಿದರೆ ಕರಕರ ಎನ್ನುತ್ತಿತ್ತು, ಅಷ್ಟೆ. ಇಲ್ಲಿ ಅದೇ ಹರಳು ಗುಂಡಿನ ವೇಗದಲ್ಲಿ ಹೋಗಿ ಜಾಲರಿಗೆ ಬಡಿಯುತ್ತದೆ. ಸಣ್ಣ ತೂತಿನ ಜಾಲರಿ ತೆಳ್ಳಗಿರುವುದರಿಂದ ಮೊದಲು ಉಬ್ಬುತ್ತದೆ, ಆಮೇಲೆ ಸೀಳುತ್ತದೆ. ಸೀಳಿದ ಮೇಲೆ ಹಿಟ್ಟಿನಲ್ಲಿ ತರಿ ಕಾಣುತ್ತದೆ, ಒಮ್ಮೊಮ್ಮೆ ಸ್ಟೀಲಿನ ಚೂರೂ ಬರಬಹುದು. ಹಾಗಾಗಿ ಕೇರುವುದು, ಜರಡಿ ಹಿಡಿಯುವುದು, ತೊಳೆದು ಗಾಲಿಸುವುದು ಮೂರೂ ಆಗಲೇಬೇಕು. ಮೊರದಲ್ಲಿ ಕೇರಿದರೆ ಹೊಟ್ಟು ಹೋಗುತ್ತದೆ. ರಾಗಿ ಕೆಳಗೆ ಬಿದ್ದು ಕಲ್ಲು ಮೇಲೆ ಉಳಿಯುವ ಜರಡಿಯಿಂದ ದಪ್ಪ ಹರಳು ಹೋಗುತ್ತದೆ. ರಾಗಿ ಗಾತ್ರದ್ದೇ ಆದ ಹರಳು ನೀರಿನಲ್ಲಿ ಗಾಲಿಸಿದರೆ ಮಾತ್ರ ತಳದಲ್ಲಿ ಕೂರುತ್ತದೆ.

ತೊಳೆದ ರಾಗಿಯನ್ನು ಒಣಗಿಸುವುದರಲ್ಲಿ ಮಾಡುವ ಆತುರ ಎರಡನೆಯ ದೊಡ್ಡ ತಪ್ಪು. ಮಾರ್ಚಿ-ಏಪ್ರಿಲ್ ಬಿಸಿಲಿಗೆ ಹತ್ತಿಬಟ್ಟೆಯ ಮೇಲೆ ತೆಳ್ಳಗೆ ಹರಡಿ ಆಗಾಗ ಕೈಯಾಡಿಸಿದರೆ ಒಂದು ದಿನ ಸಾಕು. ಧನುರ್ಮಾಸದ ಎಳೆಬಿಸಿಲಿಗೆ ಎರಡು-ಮೂರು ದಿನ ಬೇಕಾಗುತ್ತದೆ, ಸಂಜೆ ಇಬ್ಬನಿ ಬೀಳುವ ಮೊದಲೇ ಒಳಗೆ ತರಬೇಕು. ಒಣಗಿದೆಯೇ ಎಂದು ನೋಡಲು ಒಂದು ಹಿಡಿ ರಾಗಿಯನ್ನು ಬಿಗಿಯಾಗಿ ಹಿಡಿದು ಬಿಡಿ. ಅಂಗೈಗೆ ಒಂದು ಕಾಳೂ ಅಂಟಬಾರದು. ಕಾಳನ್ನು ಮುಂಬಲ್ಲಿನಲ್ಲಿ ಕಚ್ಚಿದರೆ ಟಕ್ಕನೆ ಒಡೆಯಬೇಕು, ಒತ್ತಿ ಚಪ್ಪಟೆಯಾದರೆ ಇನ್ನೂ ಹಸಿ ಇದೆ ಎಂದರ್ಥ. ಹಸಿ ರಾಗಿ ಹಾಕಿದರೆ ಹಿಟ್ಟು ಜಾಲರಿಯ ತೂತಿಗೆ ಮೆತ್ತಿಕೊಂಡು ಗಟ್ಟಿಯಾಗುತ್ತದೆ. ಹೊರಬರಲು ದಾರಿಯಿಲ್ಲದ ಪುಡಿ ಒಳಗೇ ಸುತ್ತಿ ಬಿಸಿಯಾಗುತ್ತದೆ, ಮೋಟಾರು ಗೊರಗೊರ ಎಂದು ಕೊನೆಗೆ ಟ್ರಿಪ್ ಆಗುತ್ತದೆ. ಹಾಗಾದಾಗ ಮತ್ತೆ ಮತ್ತೆ ಗುಂಡಿ ಒತ್ತಬೇಡಿ. ಪ್ಲಗ್ಗು ಕಿತ್ತು, ಕೋಣೆ ಪೂರ್ತಿ ಖಾಲಿ ಮಾಡಿ, ಜಾಲರಿಯನ್ನು ಒಣ ಬ್ರಷ್ಷಿನಲ್ಲಿ ಉಜ್ಜಿ, ಹತ್ತು-ಹದಿನೈದು ನಿಮಿಷ ಮೋಟಾರು ತಣಿಯಲು ಬಿಟ್ಟು ಆಮೇಲೆ ಖಾಲಿಯಾಗಿಯೇ ಓಡಿಸಿ ನೋಡಿ.

ಇದಕ್ಕೊಂದು ಒಳ್ಳೆಯ ನಡುದಾರಿ ಇದೆ. ನಮ್ಮ ತಾಲ್ಲೂಕು ಕೇಂದ್ರಗಳ ಅನೇಕ ಮಿಲ್ಲುಗಳಲ್ಲಿ ರಾಗಿ ಕ್ಲೀನ್ ಮಾಡುವ ಯಂತ್ರ ಪಕ್ಕದಲ್ಲೇ ಇರುತ್ತದೆ. ಕಲ್ಲು, ದೂಳು, ಮೇಲಿನ ತೆಳು ಸಿಪ್ಪೆ ಎಲ್ಲ ಅದರಲ್ಲಿ ಹೋಗುತ್ತದೆ. ಮೂರು ತಿಂಗಳಿಗಾಗುವಷ್ಟು, 35-40 ಕೆಜಿ, ಒಂದೇ ಸಲ ಕ್ಲೀನ್ ಮಾಡಿಸಿ ತಂದಿಟ್ಟು, ಬೇಕಾದಾಗ ಮನೆಯಲ್ಲಿ ಬೀಸಿಕೊಳ್ಳಿ. ರಾಗಿ ಕಾಳಾಗಿ ವರ್ಷಗಟ್ಟಲೆ ಕೆಡದೆ ಇರುತ್ತದೆ, ಹಿಟ್ಟಾದ ಮೇಲೆ ಮಾತ್ರ ಕಾಯುವುದಿಲ್ಲ. ಮನೆ ಗಿರಣಿಯ ನಿಜವಾದ ಲಾಭ ಇಲ್ಲಿದೆ: ತಿಂಗಳ ಹಿಟ್ಟನ್ನು ಒಂದೇ ದಿನ ಮಾಡಿಸಿ ಡಬ್ಬಿಯಲ್ಲಿ ಹುಳ ಬೀಳಿಸುವ ಬದಲು ವಾರಕ್ಕೆ 3 ಕೆಜಿ ಹೊಸ ಹಿಟ್ಟು.

ಬೀಸುವ ಕ್ರಮದಲ್ಲಿ ತಪ್ಪಬಾರದ್ದು ಒಂದೇ, ಮೊದಲು ಮೋಟಾರು ಆನ್ ಮಾಡಿ ಪೂರ್ತಿ ವೇಗಕ್ಕೆ ಬಂದ ಮೇಲೆ ಕಾಳು ಬಿಡಬೇಕು. ಕೋಣೆಯಲ್ಲಿ ಕಾಳಿಟ್ಟು ಆನ್ ಮಾಡಿದರೆ ಮೋಟಾರಿನ ಆಯುಸ್ಸು ತೀರುತ್ತದೆ. ನಿಲ್ಲಿಸುವಾಗಲೂ ಕಾಳು ಮುಗಿದು ಸದ್ದು ಹಗುರಾದ ಮೇಲೆ ಅರ್ಧ ನಿಮಿಷ ಬಿಟ್ಟು ಆಫ್ ಮಾಡಿ. ಹೊಸ ಯಂತ್ರದಲ್ಲಿ ಮೊದಲ ಒಂದು ಕೆಜಿ ಹಿಟ್ಟನ್ನು ತಿನ್ನಬೇಡಿ. ತಯಾರಿಕೆಯ ಎಣ್ಣೆ, ಲೋಹದ ಪುಡಿ ಅದರಲ್ಲಿ ಬರುತ್ತದೆ. ಹಿಟ್ಟು ಬಿಸಿಯಾಗಿ ಬೀಳುತ್ತದೆ, ಅದನ್ನು ಅಗಲವಾದ ತಟ್ಟೆಗೆ ಸುರಿದು ಪೂರ್ತಿ ಆರಿದ ಮೇಲೆ ಡಬ್ಬಿಗೆ ತುಂಬಿ. ಬಿಸಿಯಲ್ಲೇ ಮುಚ್ಚಿದರೆ ಮುಚ್ಚಳದ ಒಳಗೆ ಬೆವರು ಕಟ್ಟಿ ಹಿಟ್ಟು ಗಂಟಾಗುತ್ತದೆ, ಮುಗ್ಗಲು ವಾಸನೆ ಬರುತ್ತದೆ.

ಈಗ ಮುದ್ದೆಯ ಮಾತು. ನಮ್ಮ ಕಡೆ ಹಿಟ್ಟು ಎಂದರೆ ಹಿಟ್ಟೂ ಹೌದು, ಮುದ್ದೆಯೂ ಹೌದು. ಒಂದು ಸರಿಯಾಗದೆ ಇನ್ನೊಂದು ಸರಿಯಾಗದು. ಈ ಗಿರಣಿಯ ಹಿಟ್ಟು ಮಿಲ್ಲಿನದಕ್ಕಿಂತ ಒಂದು ಕೈ ನುಣುಪು. ನುಣುಪು ಹೆಚ್ಚಾದಷ್ಟೂ ನೀರು ಹೆಚ್ಚು ಹೀರುತ್ತದೆ. ಒಂದು ಲೋಟ ಹಿಟ್ಟಿಗೆ ಎರಡು ಲೋಟ ನೀರಿನ ಎಸರಿಟ್ಟು ರೂಢಿಯಾಗಿದ್ದರೆ ಮೊದಲ ಮುದ್ದೆ ಗಟ್ಟಿಯಾಗಿ, ನುಂಗುವಾಗ ಗಂಟಲಿಗೆ ಹಿಡಿಯುತ್ತದೆ. ಕಾಲು ಲೋಟ ನೀರು ಹೆಚ್ಚಿಗೆ ಇಡಿ. ಎಸರಿಗೆ ಮೊದಲೇ ಒಂದು ಚಮಚ ಹಿಟ್ಟು ಕದಡಿ ಹಾಕಿ ಕುದಿ ಬಂದ ಮೇಲೆ ಉರಿ ತಗ್ಗಿಸಿ, ಆಮೇಲೆ ಹಿಟ್ಟನ್ನು ಗುಡ್ಡೆಯಾಗಿ ಸುರಿದು ಕೋಲಿನಿಂದ ನಡುವೆ ತೂತು ಮಾಡಿ ಐದು ನಿಮಿಷ ಬೇಯಲು ಬಿಡಿ. ಜೋರು ಕುದಿಯಲ್ಲಿ ಸುರಿದರೆ ನುಣುಪು ಹಿಟ್ಟಿನ ಮೇಲ್ಪದರ ತಟ್ಟನೆ ಬೆಂದು ಒಳಗೆ ಹಸಿ ಗಂಟು ಉಳಿಯುತ್ತದೆ. ಗಿರಣಿ ಸರಿಯಿಲ್ಲ ಎಂದು ಬರುವ ಎಷ್ಟೋ ದೂರುಗಳ ಮೂಲ ಈ ಎಸರಿನ ಅಳತೆ. ಹೊಸ ರಾಗಿಯ ಮುದ್ದೆ ಅಂಟಂಟಾಗುವುದು ಕಾಳಿನ ಗುಣ, ಅದಕ್ಕೆ ಯಂತ್ರವನ್ನು ದೂರುವಂತಿಲ್ಲ.

ಮನೆ ಗಿರಣಿಯನ್ನು ಮನಸಾರೆ ಹೊಗಳಬೇಕಾದ ಜಾಗವೂ ಇದೆ, ಅದು ಮಕ್ಕಳ ರಾಗಿ ಸರಿ. ಮೊಳಕೆ ರಾಗಿ ಅರ್ಧ ಕೆಜಿ ತೆಗೆದುಕೊಂಡು ಮಿಲ್ಲಿಗೆ ಹೋದರೆ ಹಾಕುವುದಿಲ್ಲ ಎನ್ನುತ್ತಾರೆ, ಹಾಕಿದರೂ ಹಿಂದಿನವರ ಜೋಳವೋ ಗೋಧಿಯೋ ಅದಕ್ಕೆ ಬೆರೆಯುತ್ತದೆ. ಇಲ್ಲಿ ಆ ತಾಪತ್ರಯವಿಲ್ಲ. ರಾಗಿಯನ್ನು ಹತ್ತು-ಹನ್ನೆರಡು ಗಂಟೆ ನೆನೆಸಿ, ಒದ್ದೆ ಬಟ್ಟೆಯಲ್ಲಿ ಕಟ್ಟಿ ಒಂದು ದಿನ ಬಿಟ್ಟರೆ ಬಿಳಿ ಮೊಳಕೆ ಬರುತ್ತದೆ. ಗರಿಗರಿಯಾಗಿ ಒಣಗಿಸಿ, ಅಂಗೈಯಲ್ಲಿ ಉಜ್ಜಿ ಮೊಳಕೆಯ ಬೇರು ಉದುರಿಸಿ ಕೇರಿ, ಸಣ್ಣ ಉರಿಯಲ್ಲಿ ಘಮ ಬರುವಷ್ಟು ಹುರಿದು, ಆರಿದ ಮೇಲೆ ಬೀಸಿ. ಆಮೇಲೆ ತೆಳುಬಟ್ಟೆಯಲ್ಲಿ ಸೋಸಲೇಬೇಕು, ರಾಗಿಯ ಸಿಪ್ಪೆ ಕಾಳಿಗೆ ಅಂಟಿಕೊಂಡೇ ಇರುವುದರಿಂದ ಎಷ್ಟೇ ಸಣ್ಣ ಜಾಲರಿಯಾದರೂ ತೌಡು ಹಿಟ್ಟಿನೊಂದಿಗೇ ಬರುತ್ತದೆ. ಮೊಳಕೆ ಕಟ್ಟಿದ ರಾಗಿಯಲ್ಲಿ ಪಿಷ್ಟ ಒಡೆಯುವುದರಿಂದ ಸರಿ ತೆಳ್ಳಗಾಗುತ್ತದೆ, ಅದೇ ತೆಳುವಿಗೆ ಹೆಚ್ಚು ಹಿಟ್ಟು ಹಿಡಿಸಬಹುದು.

ಹಾಕಬಾರದ್ದು: ಕಡಲೆಕಾಯಿ ಬೀಜ, ಎಳ್ಳು, ಹುಚ್ಚೆಳ್ಳು, ಕೊಬ್ಬರಿ. ಎಣ್ಣೆಗೆ ಜಾಲರಿ ಮುಚ್ಚಿಹೋಗುತ್ತದೆ. ಒಣಮೆಣಸಿನಕಾಯಿ ಬೀಸಲು ಬರುತ್ತದೆ ಎಂದು ಅಂಗಡಿಯವರು ಹೇಳುತ್ತಾರೆ, ಬೇಡ. ಬಟ್ಟೆ ಫಿಲ್ಟರಿಗೆ ಘಾಟು ಹತ್ತಿದರೆ ಒಗೆದರೂ ಬಿಡುವುದಿಲ್ಲ, ಮುಂದಿನ ಬಾಣಂತಿ-ಮಗುವಿನ ಹಿಟ್ಟಿಗೂ ತಗಲುತ್ತದೆ.

ಲೆಕ್ಕಕ್ಕೆ ಬರೋಣ. ಯಂತ್ರಕ್ಕೆ 18,000 ರೂಪಾಯಿ ಎಂದಿಟ್ಟುಕೊಳ್ಳಿ. ಐದು ಜನರ ಮನೆಗೆ ತಿಂಗಳಿಗೆ 15 ಕೆಜಿ ಹಿಟ್ಟು, ಮಿಲ್ಲಿನ ಕೂಲಿ ಕೆಜಿಗೆ 5 ರೂಪಾಯಿ ಎಂದು ಹಿಡಿದರೆ ತಿಂಗಳಿಗೆ 75, ವರ್ಷಕ್ಕೆ 900. ಬರೀ ಕೂಲಿ ಉಳಿಸಿ ಯಂತ್ರದ ಹಣ ಹುಟ್ಟಿಸಲು ಇಪ್ಪತ್ತು ವರ್ಷ ಬೇಕು. ಅಷ್ಟರಲ್ಲಿ ಜಾಲರಿ, ಫಿಲ್ಟರ್ ಎಷ್ಟು ಸಲ ಬದಲಾಗಿರುತ್ತದೋ. ಕರೆಂಟು ದೊಡ್ಡ ಖರ್ಚಲ್ಲ. 1 ಎಚ್‌ಪಿ ಎಂದರೆ 746 ವ್ಯಾಟ್, ಮೋಟಾರು ಎಳೆಯುವುದು ಸುಮಾರು ಒಂದು ಕಿಲೋವ್ಯಾಟ್. 15 ಕೆಜಿಗೆ ಮೂರೂವರೆ ಗಂಟೆ, ಮೂರೂವರೆ ಯೂನಿಟ್ಟು. ಗೃಹಜ್ಯೋತಿಯಲ್ಲಿ ನಿಮ್ಮ ಮನೆಗೆ ನಿಗದಿಯಾದ ಯೂನಿಟ್ಟಿನ ಅಂಚಿಗೇ ಬಳಕೆ ಬರುತ್ತಿದ್ದರೆ ಮಾತ್ರ ಒಮ್ಮೆ ಬಿಲ್ಲು ನೋಡಿಕೊಳ್ಳಿ. ಇನ್ನು ಬೇರೆಯವರ ರಾಗಿಯನ್ನು ಕೂಲಿಗೆ ಬೀಸಿಕೊಡುವ ಯೋಚನೆಯಿದ್ದರೆ ಈ ಯಂತ್ರ ಅದಕ್ಕಲ್ಲ, ಮನೆಯ ಮೀಟರಿನಲ್ಲಿ ಆ ವ್ಯಾಪಾರ ಮಾಡುವಂತೆಯೂ ಇಲ್ಲ.

ಹಾಗಾದರೆ ಜನ ಯಾಕೆ ಕೊಳ್ಳುತ್ತಾರೆ? ಸಮಯ ಉಳಿಯುತ್ತದೆ ಎಂದು. ಈ ಮಾತನ್ನು ಸ್ವಲ್ಪ ಒರೆಗೆ ಹಚ್ಚಿ ನೋಡಬೇಕು.

ಬೀಸುವ ಕಲ್ಲಿನ ಕಾಲದಲ್ಲಿ ಕೋಳಿ ಕೂಗುವ ಹೊತ್ತಿಗೆ ಎದ್ದು, ಇಬ್ಬರು ಹೆಂಗಸರು ಎದುರುಬದುರು ಕೂತು ಒಂದೇ ಗೂಟ ಹಿಡಿದು ಬೀಸುತ್ತಿದ್ದರು. ಬೀಸುವ ಪದಗಳು ಹುಟ್ಟಿದ್ದು ಅಲ್ಲಿ. ತವರು, ಗಂಡನ ಮನೆ, ಕೂಸು, ದೇವರು ಎಲ್ಲರೂ ಆ ಪದಗಳಲ್ಲಿದ್ದರು. ಮದುವೆ ಮನೆಯಲ್ಲಿ ಒರಳು, ಒನಕೆ, ಬೀಸುವ ಕಲ್ಲಿಗೆ ಅರಿಶಿನದ ಕೊಂಬು ಕಟ್ಟಿ ಪೂಜೆ ಮಾಡುವ ಶಾಸ್ತ್ರ ಇಂದಿಗೂ ಹಲವು ಮನೆಗಳಲ್ಲಿದೆ. ಅದು ತೋಳು, ಸೊಂಟ ಹಿಡಿಸಿಬಿಡುವ ದುಡಿಮೆ, ಮತ್ತೆ ಬರಲಿ ಎಂದು ಯಾರೂ ಬಯಸಬೇಕಿಲ್ಲ. ಆದರೆ ಕಲ್ಲಿನ ಸದ್ದು ಮಲಗಿದ್ದವರಿಗೂ ಕೇಳಿಸುತ್ತಿತ್ತು. ಹಿಟ್ಟಿನ ಹಿಂದೆ ಒಬ್ಬಳ ದುಡಿಮೆ ಇದೆ ಎಂದು ಉಣ್ಣುವವರಿಗೆಲ್ಲ ಗೊತ್ತಿತ್ತು. ಆಮೇಲೆ ಊರಿಗೆ ಮಿಲ್ಲು ಬಂತು. ಡಬ್ಬ ಹೊತ್ತು ಹೋಗಿ ಸರದಿಯಲ್ಲಿಟ್ಟು ಕಾಯುವುದು ಬೇಸರದ ಕೆಲಸವೇ. ಆದರೂ ಸೊಸೆಯಾದವಳು ಯಾರ ಅಪ್ಪಣೆಯ ಗೋಜೂ ಇಲ್ಲದೆ ಮನೆಯಿಂದ ಹೊರಗೆ ಒಂದು ಗಂಟೆ ಕೂತು ಇನ್ನೊಬ್ಬಳೊಡನೆ ಮಾತಾಡಬಹುದಾದ ಜಾಗಗಳಲ್ಲಿ ಮಿಲ್ಲಿನ ಕಟ್ಟೆಯೂ ಒಂದಾಗಿತ್ತು. ಮನೆಯೊಳಗೇ ಗಿರಣಿ ಬಂದರೆ ಆ ಕಟ್ಟೆ ತಪ್ಪುತ್ತದೆ. ಕೇರುವುದು, ಗಾಲಿಸುವುದು, ಒಣಗಿಸುವುದು ಮಾತ್ರ ತಪ್ಪುವುದಿಲ್ಲ. ಅದರ ಮೇಲೆ ಜಾಲರಿ ಬಿಚ್ಚಿ ಉಜ್ಜುವುದು, ಫಿಲ್ಟರ್ ಕೊಡವುವುದು, ನೆಲಕ್ಕೆ ಕೂತ ಹಿಟ್ಟಿನ ದೂಳು ಒರೆಸುವುದು ಎಂಬ ಹೊಸ ಕೆಲಸಗಳು. ಪ್ರತಿ ಸಲ ಬೀಸಿದ ಮೇಲೆ ಹದಿನೈದು-ಇಪ್ಪತ್ತು ನಿಮಿಷ ಇದಕ್ಕೇ ಬೇಕು. ಒಂದು ವಾರ ಬಿಟ್ಟರೆ ಮೂಲೆಯ ಹಿಟ್ಟು ಮುಗ್ಗಿ ಹುಳ ಗೂಡು ಕಟ್ಟುತ್ತದೆ.

ಇಷ್ಟೆಲ್ಲ ಮಾಡಿದವಳಿಗೆ ಮನೆಯಲ್ಲಿ ಸಿಗುವ ಮಾತು, "ಗುಂಡಿ ಒತ್ತಿದ್ರೆ ಆಯ್ತಲ್ಲ, ಅದರಲ್ಲೇನಿದೆ ಕೆಲಸ?" ಈ ಯಂತ್ರದ ಅತಿ ದೊಡ್ಡ ಕೊರತೆ ಇದೇ. ಕೆಲಸ ಇದ್ದಲ್ಲೇ ಇದ್ದು, ಅದು ಕಾಣದಂತಾಗುತ್ತದೆ. ಮೇಲಾಗಿ ಬೇಡಿಕೆ ಬೆಳೆಯುತ್ತದೆ. ಗಿರಣಿ ಇದೆಯಲ್ಲ ಎಂದು ರೊಟ್ಟಿಗೆ ಅಕ್ಕಿ ಹಿಟ್ಟು, ಚಕ್ಕುಲಿ ಹಿಟ್ಟು, ಕಡಲೆ ಹಿಟ್ಟು ಎಲ್ಲ ಮನೆಯಲ್ಲೇ ಆಗಬೇಕು. ನಾದಿನಿಯ ಮನೆಯ 2 ಕೆಜಿ, ಪಕ್ಕದ ಮನೆಯ 2 ಕೆಜಿ ಬಂದು ಬಾಗಿಲಲ್ಲಿ ಕೂರುತ್ತದೆ. ಕೇಂದ್ರ ಸರ್ಕಾರದ ಸಮಯ ಬಳಕೆ ಸಮೀಕ್ಷೆಯ ಪ್ರಕಾರ 2019ರಲ್ಲಿ ಸಂಬಳವಿಲ್ಲದ ಮನೆಗೆಲಸ ಮಾಡುವ ಹೆಂಗಸರು ದಿನಕ್ಕೆ ಸರಾಸರಿ 299 ನಿಮಿಷ ಅದರಲ್ಲಿ ಕಳೆಯುತ್ತಿದ್ದರು, ಗಂಡಸರು 97 ನಿಮಿಷ. 2024ರ ಸಮೀಕ್ಷೆಯಲ್ಲಿ ಅದು 289 ಮತ್ತು 88. ಮಿಕ್ಸಿ, ಗ್ರೈಂಡರ್, ವಾಷಿಂಗ್ ಮಷೀನ್ ಹಳ್ಳಿ ಹಳ್ಳಿಗೂ ಹೋದ ಐದು ವರ್ಷಗಳಲ್ಲಿ ಹೆಂಗಸರಿಗೆ ಉಳಿದದ್ದು ದಿನಕ್ಕೆ ಹತ್ತು ನಿಮಿಷ. ಗಂಡಸರ ಪಾಲೂ ಒಂಬತ್ತು ನಿಮಿಷ ಇಳಿಯಿತು.

2023ರ ಆಗಸ್ಟಿನಲ್ಲಿ ಶುರುವಾದ ಗೃಹಲಕ್ಷ್ಮಿಯ ತಿಂಗಳ 2,000 ರೂಪಾಯಿ ಕೂಡಿಟ್ಟು ಫ್ರಿಜ್ಜು, ಹೊಲಿಗೆ ಯಂತ್ರ ಕೊಂಡವರ ಸುದ್ದಿ ಪತ್ರಿಕೆಗಳಲ್ಲಿ ಬಂದಿದೆ. ಒಂಬತ್ತು-ಹತ್ತು ಕಂತು ಸೇರಿದರೆ ಈ ಗಿರಣಿಯೂ ಬರುತ್ತದೆ. ಹಾಗೆ ಕೊಳ್ಳುವವರಿಗೆ ಒಂದು ಮಾತು: ಬಿಲ್ಲು, ವಾರಂಟಿ ಕಾರ್ಡು ಎರಡನ್ನೂ ನಿಮ್ಮ ಹೆಸರಿಗೇ ಬರೆಸಿ, ಸರ್ವಿಸ್‌ನವರಿಗೆ ಕೊಡುವ ಫೋನ್ ನಂಬರೂ ನಿಮ್ಮದೇ ಇರಲಿ. ಜಾಲರಿ ಹರಿದಾಗ, ಮೋಟಾರು ನಿಂತಾಗ ಮೆಕ್ಯಾನಿಕ್ಕಿನ ಜೊತೆ ಮಾತಾಡಬೇಕಾದವರು ಯಂತ್ರದ ಸದ್ದು ಗುರುತಿಸಬಲ್ಲವರು.

ಮನೆಯಲ್ಲಿ ಇಡುವ ಜಾಗವನ್ನು ಮೊದಲೇ ಅಳೆಯಿರಿ. ಯಂತ್ರ ನಲವತ್ತು ಕೆಜಿಯ ಆಸುಪಾಸು ತೂಗುತ್ತದೆ, ಚಕ್ರವಿದ್ದರೂ ಹೊಸ್ತಿಲು ದಾಟಿಸಲು ಇಬ್ಬರು ಬೇಕು. ಅಡುಗೆಮನೆಯ ಹಬೆಗೆ ಹಿಟ್ಟು ಮೆತ್ತುವುದರಿಂದ ಪಡಸಾಲೆಯೇ ವಾಸಿ. ಸದ್ದು ಜೋರು, ಓದುವ ಮಕ್ಕಳ ಹೊತ್ತು ತಪ್ಪಿಸಿ. ಮೂರು ಪಿನ್ನಿನ 16 ಆಂಪಿಯರ್ ಸಾಕೆಟ್ಟು ಇರಬೇಕು, ಅರ್ಥಿಂಗ್ ಕಡ್ಡಾಯ. ಹಳೆಯ ಮನೆಗಳಲ್ಲಿ ಮೂರನೆಯ ತೂತು ಇರುತ್ತದೆ, ಅದಕ್ಕೆ ತಂತಿಯೇ ಇರುವುದಿಲ್ಲ. ಸ್ಟೀಲ್ ಮೈಯ ಯಂತ್ರವನ್ನು ಒದ್ದೆ ನೆಲದ ಮೇಲೆ ನಿಂತು ಮುಟ್ಟುವವರು ಹೆಂಗಸರೇ ಆದ್ದರಿಂದ ಎಲೆಕ್ಟ್ರಿಷಿಯನ್ ಕರೆಸಿ ಇದನ್ನು ಪರೀಕ್ಷೆ ಮಾಡಿಸದೆ ಗಿರಣಿ ಮನೆಗೆ ತರಬೇಡಿ. ವೋಲ್ಟೇಜ್ ಇಳಿದಾಗ ಮೋಟಾರು ತಿರುಗದೆ ಹೂಂಗುಡುತ್ತದೆ. ತಕ್ಷಣ ಆಫ್ ಮಾಡಿ, ಇಲ್ಲದಿದ್ದರೆ ಒಳಗಿನ ಸುತ್ತು ಸುಟ್ಟುಹೋಗುತ್ತದೆ. ಬಾಗಿಲಿನ ಸಂದಿಯಿಂದ ಹಿಟ್ಟು ಉಗುಳುತ್ತಿದ್ದರೆ ಮೊದಲು ಫಿಲ್ಟರ್ ಬಟ್ಟೆ ಕಟ್ಟಿಕೊಂಡಿದೆಯೇ ನೋಡಿ, ಆಮೇಲೆ ಜಾಲರಿ ಸರಿಯಾಗಿ ಕೂತಿದೆಯೇ ನೋಡಿ, ಕೊನೆಗೆ ಬಾಗಿಲಿನ ರಬ್ಬರು.

ತಿಂಗಳಿಗೆ 5 ಕೆಜಿಗಿಂತ ಕಡಿಮೆ ಹಿಟ್ಟು ಸಾಕಾಗುವ ಮನೆಗೆ, ಕೂಗಳತೆಯಲ್ಲಿ ಒಳ್ಳೆಯ ಮಿಲ್ಲು ಇರುವವರಿಗೆ ಇದು ಬೇಡ. ಹೊಲದ ಮನೆಯವರಿಗೆ, ಮಿಲ್ಲಿಗೆ ಹೋಗಿ ಬರಲು ಅರ್ಧ ದಿನ ಬೇಕಾಗುವವರಿಗೆ, ಎಳೆ ಮಕ್ಕಳಿರುವ ಮನೆಗೆ ಧಾರಾಳವಾಗಿ ಹೇಳಬಹುದು. ಅಂಗಡಿಗೆ ಹೋಗುವಾಗ ನಿಮ್ಮ ಮನೆಯ 2 ಕೆಜಿ ರಾಗಿ ಒಯ್ದು ಅಲ್ಲೇ ಬೀಸಿಸಿ, ಹಿಟ್ಟನ್ನು ಎರಡು ಬೆರಳಲ್ಲಿ ಉಜ್ಜಿ ನೋಡಿ. ಆಮೇಲೆ ಜಾಲರಿ ಬಿಚ್ಚಿ, ಉಜ್ಜಿ, ತಿರುಗಿ ಕೂರಿಸುವುದನ್ನು ಜೊತೆಗೆ ಬಂದ ಗಂಡಸರ ಕೈಯಲ್ಲೇ ಒಂದು ಸಲ ಮಾಡಿಸಿ.